ಐವತ್ತು ದಿನದ ಬೆಳೆ: ಕಪಿಲಾ–ಕಾವೇರಿ ಸೀಮೆಯ ಮೂಲಂಗಿ

ನಂಜನಗೂಡು ಎಂದರೆ ರಸಬಾಳೆ, ತಿರುಮಕೂಡಲು ನರಸೀಪುರ ಎಂದರೆ ಭತ್ತದ ಗದ್ದೆ. ಮೂಲಂಗಿಗೆ ಅಂಥ ಹೆಸರಿಲ್ಲ, ಭೌಗೋಳಿಕ ಗುರುತಿನ ಪಟ್ಟವೂ ಇಲ್ಲ. ಆದರೆ ಕಬ್ಬು, ಬಾಳೆ ವರ್ಷ ಹಿಡಿದರೆ, ಭತ್ತ ನಾಲ್ಕೈದು ತಿಂಗಳು ಕಾಯಿಸಿದರೆ, ಮೂಲಂಗಿ 40ರಿಂದ 55 ದಿನಗಳಲ್ಲಿ ಕೀಳಲು ಸಿಗುತ್ತದೆ. ಕೆಲವೇ ಗುಂಟೆ ನೀರಾವರಿ ಇರುವ ರೈತನಿಗೆ ಈ ಲೆಕ್ಕವೇ ಮುಖ್ಯ.

ಸಾಸಿವೆ, ಎಲೆಕೋಸುಗಳ ಕುಲಕ್ಕೆ ಸೇರಿದ ಈ ಗಿಡದ ಕೃಷಿ ಬಹಳ ಹಳೆಯದು. ಈಜಿಪ್ಟಿನ ಪಿರಮಿಡ್ ಕಟ್ಟಿದ ಕೂಲಿಗಳು ತಿಂದ ಮೂಲಂಗಿ, ಈರುಳ್ಳಿ, ಬೆಳ್ಳುಳ್ಳಿಯ ಖರ್ಚನ್ನು ಕಲ್ಲಿನ ಮೇಲೆ ಬರೆದಿತ್ತೆಂದು ಗ್ರೀಕ್ ಇತಿಹಾಸಕಾರ ಹೆರೊಡೋಟಸ್ ಹೇಳಿದ್ದಾನೆ. ಮುಂದೆ ಯುರೋಪಿನಲ್ಲಿ ಪುಟ್ಟ ಕೆಂಪು ಮೂಲಂಗಿ ಬೇರೂರಿತು. ಏಷ್ಯಾದಲ್ಲಿ ಉದ್ದನೆಯ ಬಿಳಿ ಮೂಲಂಗಿ ಹರಡಿತು. ಜಪಾನಿನ ಸಕುರಾಜಿಮಾದಲ್ಲಂತೂ ಒಂದೊಂದು ಗೆಡ್ಡೆ ಹತ್ತಾರು ಕಿಲೋ ತೂಗುವಷ್ಟು ಬೆಳೆಯಿತು. ಉತ್ತರ ಭಾರತದಲ್ಲಿ ಗೆಡ್ಡೆಗಲ್ಲ, ಎಳೆ ಕಾಯಿಗಾಗಿಯೇ ಬೆಳೆಯುವ ಮೊಗ್ರಿ ಎಂಬ ಬಗೆಯೂ ಇದೆ.

ಯುರೋಪಿನ ಬಗೆಗಳು ಹೂ ಬಿಡಲು ಚಳಿ ಬೇಕು. ಹೀಗಾಗಿ ಅವುಗಳ ಬೀಜ ಬೆಟ್ಟಪ್ರದೇಶದಿಂದಲೇ ಬರಬೇಕು. ಏಷ್ಯಾದ ಬಗೆಗಳು ಬಯಲುಸೀಮೆಯಲ್ಲೂ ಬೀಜ ಕಟ್ಟುತ್ತವೆ. ಒಳ್ಳೆಯ ಗೆಡ್ಡೆಗಳನ್ನು ಆರಿಸಿ, ತುದಿಯನ್ನೂ ಸೊಪ್ಪಿನ ಬಹುಭಾಗವನ್ನೂ ಕತ್ತರಿಸಿ ಮತ್ತೆ ನೆಟ್ಟರೆ ಗಿಡ ಹೂವಾಗಿ ಕಾಯಿ ಬಿಡುತ್ತದೆ. ರೈತ ತನ್ನ ಬೀಜವನ್ನು ತಾನೇ ಇಟ್ಟುಕೊಳ್ಳಲು ಸಾಧ್ಯವಾದದ್ದು ಈ ಗುಣದಿಂದ.

ಮೂಲಂಗಿ ಮೂಲತಃ ತಂಪುಕಾಲದ ತರಕಾರಿ. ಸೆಕೆಗೆ ಅದು ಬೇಗ ಬೆಂಡಾಗುತ್ತದೆ, ಖಾರವೂ ಏರುತ್ತದೆ. ಕಳೆದ ಶತಮಾನದ ತಳಿ ಸಂಶೋಧನೆ ಈ ಮಿತಿಯನ್ನು ಸಡಿಲಿಸಿತು. ದೆಹಲಿಯ ಭಾರತೀಯ ಕೃಷಿ ಸಂಶೋಧನಾ ಸಂಸ್ಥೆ ಬೇಸಿಗೆಗೂ ಒಗ್ಗುವ ಪೂಸಾ ಚೇತ್ಕಿಯನ್ನು, ತಂಪು ಹವೆಗೆ ಪೂಸಾ ಹಿಮಾನಿಯನ್ನು ಕೊಟ್ಟಿತು. 1967ರಲ್ಲಿ ಆರಂಭವಾದ ಹೆಸರಘಟ್ಟದ ಭಾರತೀಯ ತೋಟಗಾರಿಕಾ ಸಂಶೋಧನಾ ಸಂಸ್ಥೆಯ ಅರ್ಕಾ ನಿಶಾಂತ್ ಅಮೃತಶಿಲೆಯಂತೆ ಬೆಳ್ಳಗಿನ ಉದ್ದ ಗೆಡ್ಡೆಯ ತಳಿ. 50–55 ದಿನಕ್ಕೆ ಕೊಯ್ಲಿಗೆ ಬರುವ ಇದು ಬೇಗ ಬೆಂಡಾಗದು, ಕವಲೊಡೆಯದು, ಅಕಾಲದಲ್ಲಿ ಹೂವೂ ಬಿಡದು. ಇತ್ತ 1968ರಲ್ಲಿ ಜಪಾನಿನ ಒಗುರಾ ಎಂಬ ವಿಜ್ಞಾನಿ ಗಂಡು ಬಂಜೆತನವುಳ್ಳ, ಅಂದರೆ ಪರಾಗ ಕೊಡದ ಮೂಲಂಗಿ ಗಿಡಗಳನ್ನು ವರದಿ ಮಾಡಿದರು. ಹೂವಿನಿಂದ ಕೇಸರಗಳನ್ನು ಕೈಯಿಂದ ತೆಗೆಯುವ ಕೆಲಸ ತಪ್ಪಿದ್ದರಿಂದ ಹೈಬ್ರಿಡ್ ಬೀಜೋತ್ಪಾದನೆ ಸುಲಭವಾಯಿತು. ಇಳುವರಿ, ಏಕರೂಪತೆ ಹೆಚ್ಚಿದವು. ಜೊತೆಗೆ ಪ್ರತಿ ಸಲವೂ ಹೊಸ ಬೀಜ ಕೊಳ್ಳಬೇಕಾದ ಅನಿವಾರ್ಯತೆಯೂ ಬಂತು.

ತಳಿ ಯಾವುದೇ ಇರಲಿ, ಮಣ್ಣು ಸಡಿಲವಾಗಿರಬೇಕು. ನಂಜನಗೂಡಿನ ಕೆಂಪು ಮರಳುಮಿಶ್ರಿತ ಹೊಲಗಳೂ ನರಸೀಪುರದ ಹೊಳೆದಂಡೆಯ ಮೆಕ್ಕಲು ಮಣ್ಣೂ ಈ ಬೆಳೆಗೆ ಹೊಂದುತ್ತವೆ. ಬೋದಿನ ಮೇಲೆ ಬಿತ್ತಿ, ಒತ್ತಾಗಿ ಹುಟ್ಟಿದ ಸಸಿಗಳನ್ನು ಕಿತ್ತು ಅಂತರ ಕೊಡಬೇಕು; ಕಿತ್ತ ಎಳೆಸಸಿ ಸೊಪ್ಪಿನ ಸಾರಿಗೆ ಆಗುತ್ತದೆ. ಕಳಿಯದ ಹಸಿ ಗೊಬ್ಬರ ಹಾಕಿದರೆ ಗೆಡ್ಡೆ ಕವಲೊಡೆಯುತ್ತದೆ, ಒಣಗಿಸಿ ಒಮ್ಮೆಲೇ ನೀರು ಕೊಟ್ಟರೆ ಸೀಳುತ್ತದೆ, ಕೀಳುವುದು ತಡವಾದರೆ ಬೆಂಡಾಗುತ್ತದೆ. ಎಳೆಯ ಮೂಲಂಗಿ ದೋಷಗಳನ್ನು ಶಮನ ಮಾಡುತ್ತದೆ, ಬಲಿತದ್ದು ಕೆರಳಿಸುತ್ತದೆ ಎಂದು ಚರಕ ಸಂಹಿತೆ ಬೇರ್ಪಡಿಸಿರುವುದನ್ನು ನೋಡಿದರೆ, ಕೊಯ್ಲಿನ ಹದದ ಮಹತ್ವ ಹಿಂದಿನವರಿಗೂ ಗೊತ್ತಿತ್ತು.

ಅಡುಗೆಮನೆಯಲ್ಲಿ ಇದರ ಹರವು ದೊಡ್ಡದು. ತೊಗರಿಬೇಳೆಯ ಹುಳಿ, ಹೆಸರುಬೇಳೆಯ ಕೋಸಂಬರಿ, ಮೊಸರುಬಜ್ಜಿ, ಮುದ್ದೆಗೆ ಕಾಳಿನ ಸಾರು, ಬದನೆಕಾಯಿ ಜೊತೆಗೂಡಿದ ಒಣಮೀನಿನ ಸಾರು: ಎಲ್ಲದಕ್ಕೂ ಮೂಲಂಗಿ ಬೇಕು. ಕೆಲವು ಸಂಪ್ರದಾಯಸ್ಥರ ಮನೆಗಳಲ್ಲಿ ಮಾತ್ರ ವ್ರತದ ಅಡುಗೆಗೆ ಇದು ಸೇರದು. ಗೆಡ್ಡೆಯಲ್ಲಿ ಶೇ 95ರಷ್ಟು ನೀರೇ ಇದೆ. ಸುಣ್ಣದ ಅಂಶವೂ ಸಿ ಜೀವಸತ್ವವೂ ಹೆಚ್ಚಾಗಿರುವುದು ಸೊಪ್ಪಿನಲ್ಲಿ. ಸಂತೆಯಲ್ಲಿ ಸೊಪ್ಪು ಮುರಿದು ಬಿಸಾಡುವಾಗ ಪೋಷಕಾಂಶದ ದೊಡ್ಡ ಪಾಲು ಕಸಕ್ಕೆ ಸೇರುತ್ತದೆ.

ಋತುವಿನ ಕಟ್ಟು ಸಡಿಲವಾದ ಮೇಲೆ ಉಳಿದಿರುವ ತೊಡಕು ಮಾರುಕಟ್ಟೆಯದು. ಕೋಳಿಕ್ಕೋಡು–ಕೊಳ್ಳೇಗಾಲ ರಾಷ್ಟ್ರೀಯ ಹೆದ್ದಾರಿ 766 ನಂಜನಗೂಡು, ಮೈಸೂರು, ನರಸೀಪುರ ಮೂರನ್ನೂ ಹಾದುಹೋಗುತ್ತದೆ. ಮೈಸೂರಿನ ಬಂಡೀಪಾಳ್ಯ ಎಪಿಎಂಸಿ ನಂಜನಗೂಡು ರಸ್ತೆಯಲ್ಲೇ ಇದೆ. ಈ ಭಾಗದ ತರಕಾರಿ ಕೇರಳಕ್ಕೂ ಹೋಗುತ್ತದೆ. ಆದರೆ 2009ರಲ್ಲಿ ವನ್ಯಜೀವಿಗಳ ರಕ್ಷಣೆಗೆಂದು ಬಂದ ರಾತ್ರಿ ನಿರ್ಬಂಧದಿಂದಾಗಿ ಅಲ್ಲಿಗೆ ಹೋಗುವ ಬಂಡೀಪುರ ಕಾಡಿನ ದಾರಿಯಲ್ಲಿ ರಾತ್ರಿ 9ರಿಂದ ಬೆಳಿಗ್ಗೆ 6ರವರೆಗೆ ಸರಕು ಲಾರಿ ಓಡುವಂತಿಲ್ಲ. ಕಿತ್ತ ಮೇಲೆ ಬೇಗ ಬಾಡುವ ಮೂಲಂಗಿಗೆ ಸಮಯ ಹೊಂದಿಸುವುದು ಸುಲಭವಲ್ಲ. ಎಲ್ಲರದ್ದೂ ಒಟ್ಟಿಗೆ ಕೊಯ್ಲಿಗೆ ಬಂದರಂತೂ ಬೆಲೆ ಕುಸಿಯುತ್ತದೆ.

ಇದಕ್ಕೆ ಪರಿಹಾರದ ದಾರಿ ಬೆಳೆಯ ಅಲ್ಪಾವಧಿಯಲ್ಲೇ ಇದೆ. ಇಡೀ ಹೊಲಕ್ಕೆ ಒಮ್ಮೆಲೇ ಬಿತ್ತದೆ ಹತ್ತು–ಹದಿನೈದು ದಿನಕ್ಕೊಮ್ಮೆ ಕೆಲವು ಗುಂಟೆ ಬಿತ್ತಿದರೆ ಕೊಯ್ಲು ಹಂಚಿಹೋಗುತ್ತದೆ. ಅರ್ಕಾ ನಿಶಾಂತ್ ಹೈಬ್ರಿಡ್ ಅಲ್ಲದ್ದರಿಂದ, ಬೇರೆ ಮೂಲಂಗಿ ತಾಕುಗಳಿಂದ ಸಾಕಷ್ಟು ದೂರವಿಟ್ಟು ಅದರ ಬೀಜವನ್ನು ಊರಿನಲ್ಲೇ ಬೆಳೆಯಬಹುದು. ನಂಜನಗೂಡು ತಾಲ್ಲೂಕಿನ ಸುತ್ತೂರಿನಲ್ಲೇ ಜೆಎಸ್‌ಎಸ್ ಕೃಷಿ ವಿಜ್ಞಾನ ಕೇಂದ್ರವಿದೆ. ಹಂತದ ಬಿತ್ತನೆಯ ವೇಳಾಪಟ್ಟಿಯನ್ನೂ ಬೀಜೋತ್ಪಾದನೆಯನ್ನೂ ರೈತರ ಗುಂಪುಗಳೊಂದಿಗೆ ಪ್ರಯೋಗಿಸಿ ನೋಡಲು ಇದಕ್ಕಿಂತ ಹತ್ತಿರದ ಜಾಗ ಇನ್ನೊಂದಿಲ್ಲ.