ಗಾಣಿಗಿತ್ತಿ ಗುಡಿ: ಕುಂಥುಜಿನನಾಥನ ಚೈತ್ಯಾಲಯ

ಮೆಟ್ರಿ, ಕಂಪ್ಲಿಗಳ ಕಡೆಯಿಂದ ಕಮಲಾಪುರಕ್ಕೆ ಬರುವವರು ಊರು ಸೇರುವ ಮೊದಲೇ ರಸ್ತೆಯ ಬದಿಯಲ್ಲಿ ಒಂದು ಕಲ್ಲುಗುಡಿಯನ್ನೂ ಅದರ ಮುಂದೆ ನಿಂತ ಎತ್ತರವಾದ ಏಕಶಿಲಾ ದೀಪಸ್ತಂಭವನ್ನೂ ಕಾಣುತ್ತಾರೆ. ಜನರು ಇದನ್ನು ಗಾಣಿಗಿತ್ತಿ ಗುಡಿ ಎನ್ನುತ್ತಾರೆ. ಆದರೆ ದೀಪಸ್ತಂಭದ ಮೇಲಿನ ಸಂಸ್ಕೃತ ಶಾಸನದಲ್ಲಿ ಯಾವ ಗಾಣಿಗಿತ್ತಿಯ ಹೆಸರೂ ಇಲ್ಲ.

ಇಪ್ಪತ್ತೆಂಟು ಶ್ಲೋಕಗಳ ಈ ಶಾಸನವು ಜಿನಶಾಸನದ ಸ್ತುತಿಯಿಂದ ಮೊದಲಾಗಿ, ಮೂಲಸಂಘ, ನಂದಿಸಂಘ, ಬಲಾತ್ಕಾರಗಣ, ಸಾರಸ್ವತಗಚ್ಛದ ಗುರುಪರಂಪರೆಯನ್ನು ಹೇಳುತ್ತದೆ. ಅನಂತರ ಬುಕ್ಕರಾಯ, ಅವನ ಮಗ ಇಮ್ಮಡಿ ಹರಿಹರ, ಹರಿಹರನ ಮಂತ್ರಿ ದಂಡನಾಯಕ ಚೈಚಪ, ಚೈಚಪನ ಮಗ ಇರುಗಪ್ಪ ಇವರನ್ನು ಹೆಸರಿಸುತ್ತದೆ. ಸಿಂಹನಂದಿ ಆಚಾರ್ಯರ ಶಿಷ್ಯನಾದ ಈ ಇರುಗಪ್ಪನೇ ಶಕವರ್ಷ 1307ರಲ್ಲಿ, ಎಂದರೆ ಕ್ರಿ.ಶ. 1385ರ ಸುಮಾರಿಗೆ, ವಿಜಯನಗರದಲ್ಲಿ ಕುಂಥುಜಿನನಾಥನ ಶಿಲಾಮಯ ಚೈತ್ಯಾಲಯವನ್ನು ಕಟ್ಟಿಸಿದನು. ಕುಂಥುನಾಥನು ಹದಿನೇಳನೆಯ ತೀರ್ಥಂಕರ.

ಕಟ್ಟಡವು ಸರಳವಾದುದು. ದಪ್ಪನಾದ ಚೌಕ ಕಂಬಗಳು, ಅಲಂಕಾರವಿಲ್ಲದ ಗೋಡೆಗಳು, ಗರ್ಭಗೃಹದ ಮೇಲೆ ಮೆಟ್ಟಿಲು ಮೆಟ್ಟಿಲಾಗಿ ಕಿರಿದಾಗುತ್ತ ಏರುವ ಶಿಖರ. ಬಾಗಿಲವಾಡದ ಮೇಲೆ ಲಲಾಟಬಿಂಬವಾಗಿ ಜಿನಮೂರ್ತಿಯಿದೆ. ಒಳಗೆ ಮೂಲವಿಗ್ರಹವಿಲ್ಲ.

ಈ ಮೆಟ್ಟಿಲು ಶಿಖರವೇ ಬಹುಕಾಲದ ಒಂದು ತಪ್ಪು ಗ್ರಹಿಕೆಗೆ ಮೂಲವಾಯಿತು. ಹೇಮಕೂಟದ ಗುಡಿಗಳಿಗೂ ಇಂತಹವೇ ಶಿಖರಗಳಿರುವುದರಿಂದ ಅವುಗಳನ್ನು ಬಸದಿಗಳೆಂದು ಹಲವರು ತಿಳಿದಿದ್ದರು. ಆದರೆ ಅಲ್ಲಿಯ ಒಂದು ತ್ರಿಕೂಟವನ್ನು ಮುಮ್ಮಡಿ ಸಿಂಗೆಯ ನಾಯಕನ ಮಗ ವೀರ ಕಂಪಿಲದೇವನು ಕಟ್ಟಿಸಿ ಮೂರು ಶಿವಲಿಂಗಗಳನ್ನು ಪ್ರತಿಷ್ಠಿಸಿದನೆಂದು ಅಲ್ಲಿಯ ಶಾಸನವೇ ಹೇಳುತ್ತದೆ. ಬಸದಿಯಲ್ಲದವು ಬಸದಿಯೆನಿಸಿಕೊಂಡವು, ನಿಜವಾದ ಬಸದಿಯು ಗಾಣಿಗಿತ್ತಿಯ ಗುಡಿಯೆನಿಸಿಕೊಂಡಿತು. ಶಿಖರದ ಆಕಾರವು ಆ ಕಾಲದ ಶಿಲ್ಪಿಗಳ ರೂಢಿಯೇ ಹೊರತು ಮತದ ಗುರುತಲ್ಲ. ಒಂದೇ ಬಗೆಯ ಶಿಖರದ ಕೆಳಗೆ ಶಿವನೂ ಇದ್ದನು, ಜಿನನೂ ಇದ್ದನು.

ಇರುಗಪ್ಪನು ಕೇವಲ ದಂಡನಾಯಕನಲ್ಲ. ‘ನಾನಾರ್ಥರತ್ನಮಾಲಾ’ ಎಂಬ ಸಂಸ್ಕೃತ ನಿಘಂಟಿನ ಕರ್ತೃ. ಕಂಚಿಯ ಬಳಿಯ ತಿರುಪ್ಪರುತ್ತಿಕುನ್ರಂ ಜಿನಾಲಯದ ಸಂಗೀತಮಂಟಪವೂ ಅವನದೇ. ಒಂದೇ ಶಬ್ದದ ಹಲವು ಅರ್ಥಗಳನ್ನು ಸಂಗ್ರಹಿಸಿದವನ ಚೈತ್ಯಾಲಯಕ್ಕೆ ಎರಡು ಹೆಸರು ಬಂದುದು ಒಂದು ಸೋಜಿಗ.

1368ರಲ್ಲಿ ಬುಕ್ಕರಾಯನು ಜೈನರಿಗೂ ಶ್ರೀವೈಷ್ಣವರಿಗೂ ಒಡಂಬಡಿಕೆ ಮಾಡಿಸಿದುದನ್ನು ಶ್ರವಣಬೆಳಗೊಳದ ಶಾಸನ ಸಾರುತ್ತದೆ. 1426ರಲ್ಲಿ ಇಮ್ಮಡಿ ದೇವರಾಯನು ರಾಜಧಾನಿಯ ಪಾನಸುಪಾರಿ ಬೀದಿಯಲ್ಲಿ ಪಾರ್ಶ್ವನಾಥನ ಚೈತ್ಯಾಲಯವನ್ನು ಕಟ್ಟಿಸಿದನು. ಒಡಂಬಡಿಕೆಯ ಮಾತು ಆಚರಣೆಗೆ ಬಂದಿತ್ತೆಂಬುದಕ್ಕೆ ಈ ನಡುವೆ ಎದ್ದ ಇರುಗಪ್ಪನ ಗುಡಿಯೇ ಸಾಕ್ಷಿ.

ಗಾಣಿಗಿತ್ತಿಯ ಹೆಸರನ್ನು ಅಳಿಸಬೇಕಾಗಿಲ್ಲ. ಅದು ಜನರು ಕೊಟ್ಟ ಹೆಸರು. ಅದರ ಜೊತೆಗೆ ಕುಂಥುನಾಥನ ಹೆಸರನ್ನೂ ಹೇಳುವುದನ್ನು ನಾವು ಕಲಿಯಬೇಕು. ದೀಪಸ್ತಂಭದಲ್ಲಿ ಈಗ ದೀಪವಿಲ್ಲ, ಅಕ್ಷರಗಳಿವೆ. ಅವುಗಳನ್ನು ಓದುವುದೇ ಆ ಕಂಬಕ್ಕೆ ನಾವು ಹಚ್ಚಬಹುದಾದ ದೀಪ.