ಕುಸಿಯುವ ಸಜ್ಜನ: ನಟ ಗಿರೀಶ ಕಾರ್ನಾಡರ ಮೂರು ಘಟ್ಟಗಳು

ಕಲ್ಯಾಣದಿಂದ ಕರ್ಜತ್ ಕಡೆಗೆ ಹೊರಟ ಲೋಕಲ್ ರೈಲು ವಿಠ್ಠಲವಾಡಿ, ಉಲ್ಹಾಸನಗರ, ಅಂಬರನಾಥ, ಬದಲಾಪುರಗಳನ್ನು ದಾಟಿ ನೇರಳ್ ಮುಟ್ಟುತ್ತದೆ. ಅಲ್ಲಿಂದ ಎರಡಡಿ ಅಗಲದ ಹಳಿಯ ಮೇಲೆ ಪುಟಾಣಿ ರೈಲು ಮಾಥೇರಾನ್ ಗುಡ್ಡ ಹತ್ತುತ್ತದೆ. 1938ರ ಮೇ 19ರಂದು ಗಿರೀಶ ಕಾರ್ನಾಡರು ಹುಟ್ಟಿದ್ದು ಆ ಗುಡ್ಡದ ಮೇಲೆ. ಆಗ ಈ ಮಾರ್ಗದಲ್ಲಿ ಉಲ್ಹಾಸನಗರ ಎಂಬ ಹೆಸರೇ ಇರಲಿಲ್ಲ. ಎರಡನೆಯ ಮಹಾಯುದ್ಧದ ಕಾಲದಲ್ಲಿ ಕಲ್ಯಾಣದ ಬಳಿ ಎದ್ದ ಸೈನಿಕ ಶಿಬಿರದಲ್ಲಿ ದೇಶವಿಭಜನೆಯ ನಂತರ ಸಿಂಧಿ ನಿರಾಶ್ರಿತರು ನೆಲೆಸಿದರು. ಊರಿಗೆ ಈ ಹೆಸರು ಬಿದ್ದದ್ದು 1949ರಲ್ಲಿ.

ಹಲವು ಭಾಷೆಗಳ ಮನೆಗಳು ಗೋಡೆಗೆ ಗೋಡೆ ತಾಗಿಸಿಕೊಂಡಿರುವ ಈ ಪಟ್ಟಿಯಲ್ಲಿ ಕಾರ್ನಾಡರ ಹೆಸರೆತ್ತಿದರೆ ಒಬ್ಬೊಬ್ಬರಿಗೆ ಒಂದೊಂದು ಮುಖ ನೆನಪಾಗುವುದು ಸಹಜ. ಮರಾಠಿ ಮನೆಗೆ ಅವರು ‘ಉಂಬರಠಾ’ದ ವಕೀಲ ಗಂಡ, ತಮಿಳು ಮನೆಗೆ ‘ಕಾದಲನ್’ ಚಿತ್ರದ ರಾಜ್ಯಪಾಲ, ಹಿಂದಿ ನೋಡುವವರಿಗೆ ‘ಮಂಥನ್’ನ ಡಾಕ್ಟರ್ ಅಥವಾ ‘ಏಕ್ ಥಾ ಟೈಗರ್’ನ ಗೂಢಚಾರರ ಮುಖ್ಯಸ್ಥ, ಕನ್ನಡಿಗರಿಗೆ ‘ಸಂಸ್ಕಾರ’ದ ಪ್ರಾಣೇಶಾಚಾರ್ಯ. ನಮ್ಮ ವಿಮರ್ಶೆಯಾದರೋ ‘ತುಘಲಕ್’, ‘ಹಯವದನ’ಗಳ ನಾಟಕಕಾರನನ್ನೇ ಮತ್ತೆಮತ್ತೆ ಓದಿದೆ. ಅಭಿನಯವನ್ನು ಹೊಟ್ಟೆಪಾಡಿನ ಕಸುಬೆಂದು ಬದಿಗಿಟ್ಟಿದೆ. ಕಾರ್ನಾಡರೂ ತಮ್ಮ ಸಿನಿಮಾ ನಟನೆಯ ಬಗ್ಗೆ ಹೆಚ್ಚು ಹೆಮ್ಮೆಯಿಂದ ಮಾತಾಡಿದವರಲ್ಲ. ಆದರೂ ಸುಮಾರು ಐದು ದಶಕಗಳ ಆ ಪಾತ್ರಗಳನ್ನು ಸಾಲಾಗಿ ಇಟ್ಟು ನೋಡಿದರೆ ಅವುಗಳ ನಡುವೆ ಒಂದು ಎಳೆ ಕಾಣುತ್ತದೆ. ಓದಿದವನು, ಮರ್ಯಾದಸ್ಥ, ನಾಲ್ಕು ಜನ ಸಲಹೆ ಕೇಳುವಂಥವನು. ಸಮಯ ಬಂದಾಗ ಅವನ ಓದು, ಮರ್ಯಾದೆ, ಸ್ಥಾನ ಯಾವುದೂ ಕೈಹಿಡಿಯುವುದಿಲ್ಲ. ಈ ಸಜ್ಜನನ ಕುಸಿತವೇ ನಟ ಕಾರ್ನಾಡರ ನಿಜವಾದ ವಸ್ತು ಎಂಬುದು ಈ ಲೇಖನದ ವಾದ.

ಮೊದಲ ಘಟ್ಟ: ಉತ್ತರವಿಲ್ಲದ ಪಂಡಿತ (1970–1982)

ಶಿರಸಿಯ ಬಾಲ್ಯದಲ್ಲಿ ಕಂಪನಿ ನಾಟಕ, ಯಕ್ಷಗಾನಗಳನ್ನು ನೋಡಿದ ಹುಡುಗ ಧಾರವಾಡದಲ್ಲಿ ಗಣಿತ ಓದಿ, ರೋಡ್ಸ್ ವಿದ್ಯಾರ್ಥಿವೇತನದ ಮೇಲೆ ಆಕ್ಸ್‌ಫರ್ಡಿಗೆ ಹೋದ. 1963ರಲ್ಲಿ ಮರಳಿ ಮದರಾಸಿನಲ್ಲಿ ಆಕ್ಸ್‌ಫರ್ಡ್ ಯೂನಿವರ್ಸಿಟಿ ಪ್ರೆಸ್ ಸೇರಿದ. ಅಲ್ಲಿನ ಹವ್ಯಾಸಿ ತಂಡ ಮದ್ರಾಸ್ ಪ್ಲೇಯರ್ಸ್‌ನ ಒಡನಾಟವೇ ಅವರನ್ನು ಕ್ಯಾಮೆರಾ ಎದುರಿಗೆ ತಂದು ನಿಲ್ಲಿಸಿತು. ಯು.ಆರ್. ಅನಂತಮೂರ್ತಿಯವರ ‘ಸಂಸ್ಕಾರ’ ಕಾದಂಬರಿಯನ್ನು ಪಟ್ಟಾಭಿರಾಮ ರೆಡ್ಡಿ 1970ರಲ್ಲಿ ಚಿತ್ರವಾಗಿಸಿದಾಗ ಚಿತ್ರಕಥೆ ಬರೆದವರೂ ಪ್ರಾಣೇಶಾಚಾರ್ಯನಾದವರೂ ಕಾರ್ನಾಡರು. ಚಂದ್ರಿಯಾಗಿ ಸ್ನೇಹಲತಾ ರೆಡ್ಡಿ, ನಾರಣಪ್ಪನಾಗಿ ಪಿ. ಲಂಕೇಶ್, ಛಾಯಾಗ್ರಾಹಕ ಆಸ್ಟ್ರೇಲಿಯಾದ ಟಾಮ್ ಕೋವನ್. ಸೆನ್ಸಾರಿನವರು ಮೊದಲು ತಡೆದ ಈ ಚಿತ್ರಕ್ಕೆ ಆಮೇಲೆ ರಾಷ್ಟ್ರದ ಅತ್ಯುತ್ತಮ ಚಿತ್ರವೆಂಬ ಪ್ರಶಸ್ತಿ ಬಂತು.

ಆ ಪಾತ್ರದ ಗತಿಯನ್ನು ಗಮನಿಸಬೇಕು. ಅಗ್ರಹಾರದಲ್ಲಿ ನಾರಣಪ್ಪನ ಹೆಣ ಕೊಳೆಯುತ್ತಿದೆ, ಅದರ ಸಂಸ್ಕಾರ ಹೇಗೆಂದು ಇಡೀ ಬ್ರಾಹ್ಮಣ್ಯ ಆಚಾರ್ಯನ ಬಾಯಿ ನೋಡುತ್ತಿದೆ, ಆತ ತಾಳೆಗರಿ ತಿರುವುತ್ತಿದ್ದಾನೆ, ಉತ್ತರ ಸಿಗುತ್ತಿಲ್ಲ. ಕಾರ್ನಾಡರು ಈ ಸಂಕಟಕ್ಕೆ ಕೂಗನ್ನಾಗಲಿ ಕಣ್ಣೀರನ್ನಾಗಲಿ ನೆಚ್ಚುವುದಿಲ್ಲ. ಬೆನ್ನು ನೆಟ್ಟಗೆ, ಮುಖ ಬಿಗಿ, ಕಣ್ಣಿನಲ್ಲಷ್ಟೇ ದಿಗಿಲು. ಮುಂದಿನ ಹತ್ತು ವರ್ಷ ಅವರಿಗೆ ಅನ್ನ ಕೊಟ್ಟದ್ದು ಈ ಬಿಗಿತವೇ.

1974–75ರಲ್ಲಿ ಅವರು ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟಿನ ನಿರ್ದೇಶಕರಾಗಿದ್ದರು. ಅದೇ 1975ರಲ್ಲಿ ಶ್ಯಾಮ್ ಬೆನೆಗಲ್ಲರ ‘ನಿಶಾಂತ್’ ಬಂತು. ಅದರಲ್ಲಿ ಅವರು ಹಳ್ಳಿಯ ಶಾಲಾ ಮಾಸ್ತರ. ಜಮೀನ್ದಾರನ ತಮ್ಮಂದಿರು ಅವನ ಹೆಂಡತಿಯನ್ನು ಮನೆಯಿಂದಲೇ ಎಳೆದೊಯ್ಯುತ್ತಾರೆ. ಮಾಸ್ತರ ಪೊಲೀಸರ ಹತ್ತಿರ ಹೋಗುತ್ತಾನೆ, ಸರಕಾರಿ ಕಚೇರಿಗಳ ಮೆಟ್ಟಿಲು ಹತ್ತುತ್ತಾನೆ. ಹೋದ ಕಡೆಯೆಲ್ಲ ಕೈ ಚೆಲ್ಲುವವರೇ. ಓದಿದ ಕಾನೂನು, ಕಲಿಸಿದ ನೀತಿ ಎರಡೂ ಸೋತ ಮೇಲೆ ಊರು ದಂಗೆಯೇಳುತ್ತದೆ. ತಾನೇ ಹೊತ್ತಿಸಿದ ಬೆಂಕಿ ಹೆಂಡತಿಯನ್ನೂ ಬಲಿ ತೆಗೆದುಕೊಳ್ಳುತ್ತದೆ. ಸೇಡು ತೀರಿಸಿಕೊಂಡ ನಾಯಕನ ಕಳೆ ಆ ಮುಖಕ್ಕೆ ಎಲ್ಲಿಯೂ ಬರುವುದಿಲ್ಲ. ಮರು ವರ್ಷದ ‘ಮಂಥನ್’ನಲ್ಲಿ ಅದೇ ಸಜ್ಜನ ಡಾ. ರಾವ್ ಆಗಿ ಬರುತ್ತಾನೆ. ಗುಜರಾತಿನ 5 ಲಕ್ಷ ರೈತರು ತಲಾ 2 ರೂಪಾಯಿ ಹಾಕಿ ನಿರ್ಮಿಸಿದ ಈ ಚಿತ್ರದಲ್ಲಿ ಹಾಲಿನ ಸಹಕಾರ ಸಂಘ ಕಟ್ಟಲು ಬಂದ ಪಟ್ಟಣದ ಡಾಕ್ಟರ್ ಕೊನೆಗೆ ಊರು ಬಿಟ್ಟು ರೈಲು ಹತ್ತುತ್ತಾನೆ. ಕೆಲಸ ಮುಂದುವರಿಸುವವನು ನಾಸಿರುದ್ದೀನ್ ಶಾ ಅಭಿನಯಿಸಿದ ದಲಿತ ಯುವಕ ಭೋಲಾ.

ಗಂಡನ ಪಾತ್ರಗಳಲ್ಲಿ ಈ ಎಳೆ ಇನ್ನೂ ಸೂಕ್ಷ್ಮ. ಬಾಸು ಚಟರ್ಜಿಯವರ ‘ಸ್ವಾಮಿ’ (1977) ಚಿತ್ರದ ಘನಶ್ಯಾಮ, ಮನಸ್ಸು ಬೇರೆಲ್ಲೋ ಇರುವ ಹೆಂಡತಿಯನ್ನು ತಾಳ್ಮೆಯಿಂದ ಕಾಯುತ್ತಾನೆ. ಆ ತಾಳ್ಮೆಯ ಮಗ್ಗುಲು ಬದಲಿಸಿದವರು ‘ಉಂಬರಠಾ’ದ (1982) ಜಬ್ಬಾರ್ ಪಟೇಲ್. ಸ್ಮಿತಾ ಪಾಟೀಲ್ ಅಭಿನಯದ ಸುಲಭಾ, ಮಹಿಳಾಶ್ರಮದ ಕೆಲಸ ಬಿಟ್ಟು ಮನೆಗೆ ಮರಳಿದಾಗ ಗಂಡ ತನಗೆ ಇನ್ನೊಬ್ಬಳ ಸಂಬಂಧವಿದೆ ಎನ್ನುತ್ತಾನೆ. ಅವನು ಖಳನಲ್ಲ, ಸುಶಿಕ್ಷಿತ, ಮೆದು ಮಾತಿನವನು. ಎದುರಿಗಿರುವ ಹೆಂಗಸಿಗೆ ಆ ಮೆದು ಮಾತೇ ಹೊಸ್ತಿಲು ದಾಟಿಸುವ ಪೆಟ್ಟಾಗುತ್ತದೆ. ‘ಉಂಬರಠಾ’ ಎಂದರೂ ಹೊಸ್ತಿಲೇ.

ಎರಡನೆಯ ಘಟ್ಟ: ಕಿರುತೆರೆಯ ಅಪ್ಪ

ಕಾರ್ನಾಡರು 1978ರಲ್ಲಿ ‘ಒಂದಾನೊಂದು ಕಾಲದಲ್ಲಿ’ ನಿರ್ದೇಶಿಸಿದಾಗ ಮುಂಬಯಿಯ ರಂಗಭೂಮಿಯಿಂದ ಬಂದ ಶಂಕರ್ ನಾಗ್ ಅದರ ನಾಯಕ. ಸುಮಾರು ಎಂಟು ವರ್ಷಗಳ ನಂತರ ಸ್ಥಾನ ಅದಲುಬದಲಾಯಿತು. ದೂರದರ್ಶನಕ್ಕಾಗಿ ಶಂಕರ್ ನಾಗ್ ಆಗುಂಬೆಯಲ್ಲಿ ‘ಮಾಲ್ಗುಡಿ ಡೇಸ್’ ಚಿತ್ರಿಸಿದಾಗ ಸ್ವಾಮಿಯ ಅಪ್ಪನಾದವರು ಕಾರ್ನಾಡರು. ಅಮ್ಮ ವೈಶಾಲಿ ಕಾಸರವಳ್ಳಿ, ಸ್ವಾಮಿ ಮಾಸ್ಟರ್ ಮಂಜುನಾಥ್.

ಆರ್.ಕೆ. ನಾರಾಯಣರ ಈ ಅಪ್ಪ ಬೇಕೆಂದೇ ಕ್ರೂರಿಯಲ್ಲ. ಹುಲಿಯನ್ನು ಎದುರಿಸಿದ ಹುಡುಗನ ಸುದ್ದಿಯನ್ನು ಪತ್ರಿಕೆಯಲ್ಲಿ ಓದಿ, ನಿನಗೂ ಧೈರ್ಯವಿದ್ದರೆ ರಾತ್ರಿ ಒಬ್ಬನೇ ಕಚೇರಿ ಕೋಣೆಯಲ್ಲಿ ಮಲಗು ಎಂದು ಮಗನಿಗೆ ಸವಾಲು ಹಾಕುತ್ತಾನೆ. ಅಜ್ಜಿಯ ಸೆರಗು ಹಿಡಿದ ಹುಡುಗನಿಗೆ ಅಪ್ಪನ ತರ್ಕವೇ ಭೂತ. ಪ್ರಾಣೇಶಾಚಾರ್ಯನ ಬಿಗಿ ಬೆನ್ನು ಇಲ್ಲಿ ಕನ್ನಡಕ, ಪತ್ರಿಕೆ, ಶಿಸ್ತುಗಳ ವೇಷ ತೊಟ್ಟಿದೆ. ಕುಸಿತ ಮಾತ್ರ ನಗೆಯಾಗಿ ಮಾರ್ಪಟ್ಟಿದೆ. 1989ರ ಧಾರಾವಾಹಿ ‘ಇಂದ್ರಧನುಷ್’ನಲ್ಲೂ ಅವರು ಅಪ್ಪನೇ. 1991ರಲ್ಲಿ ವಿಜ್ಞಾನ ಕಾರ್ಯಕ್ರಮ ‘ಟರ್ನಿಂಗ್ ಪಾಯಿಂಟ್’ನ ನಿರೂಪಕರಾದಾಗ ಅವರು ಪಾತ್ರದ ಹಂಗಿಲ್ಲದೆ ನೇರ ಮನೆಯೊಳಗೆ ಬಂದರು. ಅಲ್ಲಿ ಪ್ರೊ. ಯಶಪಾಲ್ ವೀಕ್ಷಕರ ಪ್ರಶ್ನೆಗಳಿಗೆ ಉತ್ತರಿಸುತ್ತಿದ್ದರು. ತಿಳಿದವನ ಗತ್ತು ಬಿಟ್ಟು, ತಿಳಿಯಬೇಕೆನ್ನುವವನ ಕುತೂಹಲವನ್ನು ಕಾರ್ನಾಡರು ಉಳಿಸಿಕೊಂಡಿದ್ದರು.

ತಲೆ ಮತ್ತು ದೇಹ: ಒಂದು ಜರ್ಮನ್ ಅಡ್ಡದಾರಿ

ಈ ನಟನನ್ನು ಅರಿಯಲು ಅವರದೇ ನಾಟಕ ಒಂದು ಕೀಲಿಕೈ ಕೊಡುತ್ತದೆ. ತಲೆಗಳು ಅದಲುಬದಲಾದ ಗೆಳೆಯರ ಬೇತಾಳ ಕತೆಯನ್ನು ಜರ್ಮನಿಯ ಭಾರತಶಾಸ್ತ್ರಜ್ಞ ಹೈನ್ರಿಷ್ ಝಿಮ್ಮರ್ ಬರಹದಿಂದ ಕಾದಂಬರಿಕಾರ ಥಾಮಸ್ ಮನ್ ಎತ್ತಿಕೊಂಡು 1940ರಲ್ಲಿ ನೀಳ್ಗತೆಯಾಗಿಸಿದ. ಅದೇ 1971ರ ‘ಹಯವದನ’ದ ಬೇರು. ಜರ್ಮನ್ ನಾಟಕಕಾರ ಬ್ರೆಖ್ಟ್ ತಮ್ಮ ಪೀಳಿಗೆಗೆ ಮಾಡಿದ ಉಪಕಾರವೆಂದರೆ ನಮ್ಮದೇ ಯಕ್ಷಗಾನ, ಬಯಲಾಟಗಳ ಶಕ್ತಿಯನ್ನು ಕಾಣುವಂತೆ ಮಾಡಿದ್ದು ಎಂಬ ಅರ್ಥದ ಮಾತನ್ನು ಕಾರ್ನಾಡರು ಬರೆದಿದ್ದಾರೆ. ಸಾಲ ತಂದ ಕತೆ ಬಡ್ಡಿಸಮೇತ ಮರಳಿತು: 1984ರಲ್ಲಿ ಪೂರ್ವ ಜರ್ಮನಿಯ ವೈಮಾರ್ ರಾಷ್ಟ್ರೀಯ ರಂಗಮಂದಿರದಲ್ಲಿ ವಿಜಯಾ ಮೆಹತಾ ಜರ್ಮನ್ ನಟರಿಂದ ‘ಹಯವದನ’ ಆಡಿಸಿದರು. 1992ರಲ್ಲಿ ಲೈಪ್ಸಿಗ್‌ನಲ್ಲಿ ‘ನಾಗಮಂಡಲ’ದ ಸರದಿ.

‘ಹಯವದನ’ದಲ್ಲಿ ಗೆಳೆಯ ಕಪಿಲನ ಗಟ್ಟಿ ಮೈ ಪಡೆದ ದೇವದತ್ತ ದಿನ ಕಳೆದಂತೆ ಮತ್ತೆ ಮೆತ್ತಗಾಗುತ್ತಾನೆ, ತಲೆಯೇ ದೇಹವನ್ನು ತನ್ನಂತೆ ತಿದ್ದಿಕೊಳ್ಳುತ್ತದೆ. ನಟ ಕಾರ್ನಾಡರ ಕತೆಯೂ ಇಷ್ಟೆ. ಮನೆಮಾತು ಕೊಂಕಣಿ, ಬರೆಹ ಕನ್ನಡ, ದೇಹ ದುಡಿದದ್ದು ಹಿಂದಿ, ಮರಾಠಿ, ತಮಿಳು, ತೆಲುಗು ಚಿತ್ರಗಳಲ್ಲಿ. ಯಾವ ಭಾಷೆಯ ಅಂಗಿ ತೊಟ್ಟರೂ ತಲೆ ಮಾತ್ರ ಸಂಶಯ ಬಿಡದ ಓದುಗನದೇ.

ಮೂರನೆಯ ಘಟ್ಟ: ಅಧಿಕಾರದ ಮುಖ

1990ರ ‘ಸಂತ ಶಿಶುನಾಳ ಶರೀಫ’ದ ಗೋವಿಂದ ಭಟ್ಟ ಕಾರ್ನಾಡರ ಅತ್ಯಂತ ಬೆಚ್ಚನೆಯ ಗುರು. ಮುಸಲ್ಮಾನ ಶಿಷ್ಯನನ್ನು ಅಪ್ಪಿಕೊಳ್ಳುವ ಈ ಬ್ರಾಹ್ಮಣ, ಪ್ರಾಣೇಶಾಚಾರ್ಯನಿಗೆ ಇಪ್ಪತ್ತು ವರ್ಷದ ನಂತರ ಸಿಕ್ಕ ಉತ್ತರದಂತಿದ್ದಾನೆ. ಬಳಿಕ ವಾಣಿಜ್ಯ ಚಿತ್ರಗಳು ಅದೇ ಗಾಂಭೀರ್ಯವನ್ನು ತಿರುಗಿಸಿ ಬಳಸಿದವು. ಶಂಕರ್ ನಿರ್ದೇಶನದ ‘ಕಾದಲನ್’ (1994) ಚಿತ್ರದ ರಾಜ್ಯಪಾಲನಲ್ಲಿ ಸಭ್ಯತೆಯೇ ವಿಷದ ಮುಚ್ಚಳ. ನಾಗೇಶ್ ಕುಕುನೂರರ ‘ಇಕ್ಬಾಲ್’ನಲ್ಲಿ (2005) ಕ್ರಿಕೆಟ್ ಗುರೂಜಿ, ಸಿರಿವಂತನ ಮಗನಿಗಾಗಿ ಕಿವಿ ಕೇಳದ ಪ್ರತಿಭಾವಂತ ಹುಡುಗನನ್ನು ಅಕಾಡೆಮಿಯಿಂದ ಹೊರಗೆ ಕಳಿಸುತ್ತಾನೆ. ಆ ಹುಡುಗನನ್ನು ಎತ್ತಿ ನಿಲ್ಲಿಸುವ ಕುಡುಕ ಮತ್ತೆ ನಾಸಿರುದ್ದೀನ್ ಶಾ. ‘ಮಂಥನ್’ನ ಡಾಕ್ಟರ್ ಮತ್ತು ಭೋಲಾ ಮೂವತ್ತು ವರ್ಷದ ನಂತರ ಎದುರುಬದುರಾದಂತೆ ಈ ಜೋಡಿ ಕಾಣುತ್ತದೆ.

ನಟನೆಯಿಂದ ನಾಟಕಕಾರ ಪಡೆದದ್ದೇನು ಎಂಬುದಕ್ಕೆ ಅವರ ‘ಒಡಕಲು ಬಿಂಬ’ ನಾಟಕ ಸಾಕ್ಷಿ. ಟಿ.ವಿ. ಸ್ಟುಡಿಯೋದಲ್ಲಿ ಭಾಷಣ ಮುಗಿಸಿದ ಲೇಖಕಿಯನ್ನು ಪರದೆಯ ಮೇಲಿನ ಅವಳದೇ ಬಿಂಬ ತಡೆದು ಪಾಟೀಸವಾಲಿಗೆ ಎಳೆಯುತ್ತದೆ. ಕ್ಯಾಮೆರಾದ ದೀಪ ಆರಿದ ಮೇಲೆ ಮುಖದ ಮೇಲೆ ಉಳಿಯುವ ಗೌರವ ಎಂಥದು, ಅದು ಎಷ್ಟು ಬೇಗ ಜಾರುತ್ತದೆ ಎಂಬುದನ್ನು ವರ್ಷಗಟ್ಟಲೆ ಆ ದೀಪದ ಎದುರು ಕೂತವರಷ್ಟೇ ಇಷ್ಟು ಖಚಿತವಾಗಿ ಬರೆಯಬಲ್ಲರು.

2017ರ ‘ಟೈಗರ್ ಜಿಂದಾ ಹೈ’ ಚಿತ್ರದಲ್ಲಿ ಅವರು ಮತ್ತೆ ಗೂಢಚಾರರ ಮುಖ್ಯಸ್ಥ ಡಾ. ಶೆಣೈ. ಆ ಹೊತ್ತಿಗೆ ಅವರಿಗೆ ಉಸಿರಾಟದ ಕಾಯಿಲೆ. ಮೂಗಿಗೆ ಸಿಕ್ಕಿಸಿದ ಆಮ್ಲಜನಕದ ನಳಿಕೆಯನ್ನು ತೆಗೆಯದೆಯೇ ಕ್ಯಾಮೆರಾ ಮುಂದೆ ಕೂತರು. 2019ರ ಜೂನ್ 10ರಂದು ಬೆಂಗಳೂರಿನಲ್ಲಿ ತೀರಿಕೊಂಡರು. ಸಿಡಿಮದ್ದಿನ ಆ ಚಿತ್ರದಲ್ಲಿ ಬೆನ್ನು ನೆಟ್ಟಗಿಟ್ಟುಕೊಂಡು ಅಪ್ಪಣೆ ಕೊಡುವ ಅಧಿಕಾರಿಯ ಮೂಗಿನಡಿ ಆ ತೆಳು ನಳಿಕೆ ಎದ್ದು ಕಾಣುತ್ತದೆ. ತಾಳೆಗರಿ ತಿರುವಿದ ಆಚಾರ್ಯನಿಂದ ಅಲ್ಲಿಯವರೆಗೆ ಅವರು ಅಭಿನಯಿಸುತ್ತ ಬಂದ ಕುಸಿತಕ್ಕೆ ಈ ಬಾರಿ ಅಭಿನಯದ ಅಗತ್ಯ ಬೀಳಲಿಲ್ಲ.