ಕಾರ್ಕಳ ಸೀಮೆಯ ಬಸದಿಗಳು : ಕಟ್ಟಿದವರೂ ಕಾಯ್ದವರೂ

ಪ್ರತಿಷ್ಠಾ ಮಹೋತ್ಸವದ ಈ ಶುಭಸಂದರ್ಭದಲ್ಲಿ ನಮ್ಮ ಪೂರ್ವಿಕರು ಕಟ್ಟಿ ಬಿಟ್ಟುಹೋದ ಜಿನಮಂದಿರಗಳನ್ನು ಸ್ಮರಿಸುವುದು ಉಚಿತವೇ ಆಗಿದೆ. ತುಳುನಾಡಿನಲ್ಲಿ ಕಾರ್ಕಳ ಸೀಮೆಯಷ್ಟು ಇದಕ್ಕೆ ಯೋಗ್ಯವಾದ ಸ್ಥಳಗಳು ವಿರಳ. ಪಶ್ಚಿಮಘಟ್ಟದ ಅಡಿಯಲ್ಲಿ ಗದ್ದೆ, ತೋಟ, ಕಪ್ಪು ಬಂಡೆಗಳ ನಡುವೆ ಹರಡಿರುವ ಈ ಸೀಮೆಯಲ್ಲಿ ಊರೂರಿಗೂ ಒಂದೊಂದು ಬಸದಿಯಿದೆ. ಯಾತ್ರಿಕರು ಬಾಹುಬಲಿಯ ದರ್ಶನ ಪಡೆದು ಮುಂದಕ್ಕೆ ತೆರಳುತ್ತಾರೆ. ಆದರೆ ಈ ನೆಲದ ಇತಿಹಾಸವು ಬೆಟ್ಟದ ಮೇಲೆ ಮಾತ್ರವಲ್ಲ, ಬೆಟ್ಟದ ಕೆಳಗಿನ ಹಳ್ಳಿಗಳಲ್ಲಿಯೂ ಇದೆ.

ಕಾರ್ಕಳವನ್ನು ಆಳಿದವರು ಭೈರರಸ ಒಡೆಯರು. ಪೊಂಬುಚ್ಚದ ಸಾಂತರ ವಂಶಕ್ಕೂ ಅದರ ಮೂಲಪುರುಷನೆನಿಸಿದ ಜಿನದತ್ತರಾಯನಿಗೂ ತಮ್ಮ ಸಂಬಂಧವನ್ನು ಹೇಳಿಕೊಂಡ ಈ ಅರಸರು ಘಟ್ಟದ ಮೇಲಿನ ಕಳಸ, ಘಟ್ಟದ ಕೆಳಗಿನ ಕಾರ್ಕಳ ಇವೆರಡನ್ನೂ ಕೇಂದ್ರವಾಗಿರಿಸಿಕೊಂಡು, ವಿಜಯನಗರದ ಅಧೀನದಲ್ಲಿ ರಾಜ್ಯವಾಳಿದರು. ಅಳಿಯಸಂತಾನದ ಕಟ್ಟನ್ನು ಅನುಸರಿಸಿದ ಇವರು ಜಿನಭಕ್ತರಾಗಿದ್ದರೂ ಕಳಸದ ಕಲಶೇಶ್ವರ ದೇವಾಲಯಕ್ಕೂ ಈ ಮನೆತನದಿಂದ ದತ್ತಿಗಳು ಸಂದಿವೆ. ಪರಧರ್ಮಸಹಿಷ್ಣುತೆ ಇವರಲ್ಲಿ ಬರಿಯ ಮಾತಾಗಿರಲಿಲ್ಲ.

ಕಾರ್ಕಳದ ಗೊಮ್ಮಟೇಶ್ವರ ಮೂರ್ತಿಯು ಶಕ 1353ರ ಫಾಲ್ಗುಣ ಶುದ್ಧ ದ್ವಾದಶಿ, ಅಂದರೆ ಕ್ರಿ.ಶ. 1432ರ ಫೆಬ್ರವರಿ 13ರಂದು ಪ್ರತಿಷ್ಠಿತವಾಯಿತು. ಗುರು ಲಲಿತಕೀರ್ತಿಯವರ ಉಪದೇಶದಂತೆ ಭೈರವನ ಪುತ್ರನಾದ ವೀರಪಾಂಡ್ಯನು ಇದನ್ನು ಮಾಡಿಸಿದನೆಂದು ಶಾಸನವು ತಿಳಿಸುತ್ತದೆ. ಸುಮಾರು 42 ಅಡಿ ಎತ್ತರದ ಈ ಏಕಶಿಲಾ ಮೂರ್ತಿಯನ್ನು ಬಂಡಿಯ ಮೇಲೆ ಎಳೆದು ಬೆಟ್ಟಕ್ಕೇರಿಸಿದ ಸಾಹಸವನ್ನು 17ನೆಯ ಶತಮಾನದ ಕವಿ ಚಂದ್ರಮನು ತನ್ನ ‘ಕಾರ್ಕಳದ ಗೊಮ್ಮಟೇಶ್ವರ ಚರಿತೆ’ಯಲ್ಲಿ ವರ್ಣಿಸಿದ್ದಾನೆ. ನಾಲ್ಕು ವರ್ಷಗಳ ತರುವಾಯ, 1436ರಲ್ಲಿ, ಅದೇ ಅರಸನು ಮೂರ್ತಿಯ ಮುಂದಣ ಬ್ರಹ್ಮದೇವರ ಕಂಬವನ್ನು ನಿಲ್ಲಿಸಿದನು.

ಗೊಮ್ಮಟ ಬೆಟ್ಟಕ್ಕೆ ಎದುರಾಗಿ ಚಿಕ್ಕಬೆಟ್ಟದ ಬಂಡೆಯ ಮೇಲಿರುವುದೇ ಚತುರ್ಮುಖ ಬಸದಿ. ಶಕ 1508, ಅಂದರೆ 1586ರಲ್ಲಿ, ಇಮ್ಮಡಿ ಭೈರರಸ ಒಡೆಯನು ಕಟ್ಟಿಸಿದ ಈ ಮಂದಿರಕ್ಕೆ ತ್ರಿಭುವನತಿಲಕ ಜಿನಚೈತ್ಯಾಲಯವೆಂದು ಹೆಸರು. ನಾಲ್ಕು ದಿಕ್ಕಿಗೂ ಒಂದೇ ಬಗೆಯ ದ್ವಾರ. ಯಾವ ದ್ವಾರದಿಂದ ಒಳಹೊಕ್ಕರೂ ಅರ, ಮಲ್ಲಿ, ಮುನಿಸುವ್ರತ ತೀರ್ಥಂಕರರ ದರ್ಶನ. ಒಳಗೂ ಹೊರಗೂ ಸೇರಿ 108 ಕಂಬಗಳೆಂದು ಹಿರಿಯರು ಎಣಿಸುತ್ತಾರೆ. ಈ ಬಸದಿಗೆ ಹಿಂಭಾಗವೆಂಬುದಿಲ್ಲ. ಯಾವ ಕಡೆಯಿಂದ ಬಂದವನೂ ಎದುರಿನಿಂದಲೇ ಬಂದವನು.

ಪೇಟೆಯ ಹಿರಿಯಂಗಡಿಯಲ್ಲಿ ನೇಮಿನಾಥ ಬಸದಿಯ ಮುಂದೆ ನಿಂತಿರುವ, ಸುಮಾರು 60 ಅಡಿ ಎತ್ತರದ ಮಾನಸ್ತಂಭವು ಶಿಲ್ಪಿಗಳ ಕೈಚಳಕಕ್ಕೆ ಸಾಕ್ಷಿಯಾಗಿದೆ. ಉತ್ತರಕ್ಕೆ ವರಂಗವಿದೆ. ಅಲ್ಲಿನ ನೇಮಿನಾಥ ಬಸದಿಗೆ ವಿಜಯನಗರದ ಇಮ್ಮಡಿ ದೇವರಾಯನು 1424ರಲ್ಲಿ ವರಂಗ ಗ್ರಾಮವನ್ನೇ ದತ್ತಿಯಾಗಿ ಬಿಟ್ಟನು. ಸಮೀಪದ ಕೆರೆಯ ನಡುವೆ ಚತುರ್ಮುಖವಾದ ಇನ್ನೊಂದು ಬಸದಿಯಿದ್ದು, ದರ್ಶನಾರ್ಥಿಗಳು ದೋಣಿಯಲ್ಲಿಯೇ ಹೋಗಬೇಕು.

ಈ ನಾಡಿನ ಕಟ್ಟಡಗಳ ರೂಪವನ್ನು ನಿರ್ಧರಿಸಿದ್ದು ಮಳೆ. ಇಲ್ಲಿ ಮುಂಗಾರು ತಿಂಗಳುಗಟ್ಟಲೆ ಬಿಡುವಿಲ್ಲದೆ ಸುರಿಯುತ್ತದೆ. ಆದುದರಿಂದಲೇ ಇಳಿಜಾರಾದ ಮಾಡು, ಗೋಡೆಯನ್ನು ಕಾಯುವ ಅಗಲವಾದ ಸುತ್ತು ಜಗಲಿ, ಮರದ ಹಲಗೆಗಳಂತೆ ಒಂದರ ಮೇಲೊಂದು ಜೋಡಿಸಿದ ಕಲ್ಲು ಚಪ್ಪಡಿಗಳು. ಬಡಗಿಯ ವಿದ್ಯೆಯನ್ನು ಕಲ್ಲುಕುಟಿಗನು ಕಲಿತಂತೆ ಇದೆ. ಹಳ್ಳಿಯ ಬಸದಿಗಳಾದರೋ ಮುರಕಲ್ಲಿನ ಗೋಡೆ, ಮರದ ತೊಲೆ, ಹೆಂಚಿನ ಮಾಡಿನವು. ಮಾಡಿನ ಒಂದು ಹೆಂಚು ಜಾರಿ ಎರಡು ಮಳೆಗಾಲ ಕಳೆದರೆ ತೊಲೆ ಕೊಳೆಯುತ್ತದೆ. ತೊಲೆ ಕೊಳೆತರೆ ಗೋಡೆ ನಿಲ್ಲದು. ಇಲ್ಲಿ ಕಟ್ಟುವುದಕ್ಕಿಂತ ಕಾಯುವುದೇ ಕಠಿಣ.

ನಮ್ಮ ಅರಸರು ಇದನ್ನು ಚೆನ್ನಾಗಿ ಅರಿತಿದ್ದರು. ಚತುರ್ಮುಖ ಬಸದಿಯ ಶಾಸನವು ಕಟ್ಟಡದ ಪ್ರಶಂಸೆಯಲ್ಲಿಯೇ ಮುಗಿಯುವುದಿಲ್ಲ. ನಿತ್ಯಪೂಜೆಗೆಂದು ಬಿಟ್ಟ ಭೂಮಿಯ ಹುಟ್ಟುವಳಿ, ಪೂಜೆಯನ್ನು ನಡೆಸಬೇಕಾದ ಸ್ಥಾನಿಕರು ಇವರ ವಿಷಯವನ್ನೂ ನಿಗದಿಪಡಿಸುತ್ತದೆ. ಅಕ್ಕಿಯಿಲ್ಲದೆ ಅಮೃತಪಡಿಯಿಲ್ಲ, ಎಣ್ಣೆಯಿಲ್ಲದೆ ನಂದಾದೀಪವಿಲ್ಲ ಎಂಬ ವಿವೇಕವು ಆ ಶಾಸನದ ಹಿಂದಿದೆ. ಭೈರರಸರ ಆಳ್ವಿಕೆ ಅಳಿದ ಮೇಲೂ, ಕೆಳದಿಯವರು, ಹೈದರ್ ಮತ್ತು ಟಿಪ್ಪು, 1799ರ ನಂತರ ಇಂಗ್ಲಿಷರು ಒಬ್ಬರಾದ ಮೇಲೊಬ್ಬರು ಆಳಿದರೂ, ಹಳ್ಳಿಯ ಬಸದಿಗಳಲ್ಲಿ ದೀಪ ಉರಿಯುತ್ತಿದ್ದುದು ಗೇಣಿಯ ಅಕ್ಕಿಯಿಂದ.

1974ರ ಮಾರ್ಚ್ 1ರಂದು ಜಾರಿಗೆ ಬಂದ ಭೂಸುಧಾರಣಾ ತಿದ್ದುಪಡಿ ಕಾಯಿದೆಯಿಂದ ಗೇಣಿಯ ಭೂಮಿಗಳು ಉಳುವವರ ಪಾಲಾದವು. ತಲೆಮಾರುಗಳಿಂದ ಬೆವರು ಸುರಿಸಿದವನಿಗೆ ನೆಲ ಸಂದುದು ನ್ಯಾಯವೇ. ಅಪರಿಗ್ರಹವನ್ನು ವ್ರತವಾಗಿ ಪಡೆದ ನಾವು ಅದಕ್ಕಾಗಿ ಹಲುಬಬೇಕಾಗಿಲ್ಲ. ಆದರೆ ಆ ದಿನದಿಂದ ಬಸದಿಯ ಹೊಣೆಯು ಭೂಮಿಯಿಂದ ಮನುಷ್ಯರ ಮೇಲಕ್ಕೆ ಬಂದಿತೆಂಬುದನ್ನು ನಾವು ಪೂರ್ಣವಾಗಿ ಮನಗಂಡಿಲ್ಲ. ಸರ್ಕಾರದ ತಸ್ತೀಕು ಹಿಂದಿನ ಹುಟ್ಟುವಳಿಗೆ ಸಮನಾಗದು. ಇತ್ತ ಶ್ರಾವಕರ ಮಕ್ಕಳು ಉದ್ಯೋಗಕ್ಕಾಗಿ ಮುಂಬಯಿ, ಬೆಂಗಳೂರುಗಳಿಗೆ ತೆರಳಿದರು. ನಾಲ್ಕಾರು ಮನೆಗಳು ಮಾತ್ರ ಉಳಿದ ಊರುಗಳಲ್ಲಿ ವೃದ್ಧ ಇಂದ್ರರೊಬ್ಬರೇ ಬೆಳಗಿನ ಅಭಿಷೇಕವನ್ನು ನಡೆಸುತ್ತಿರುವುದನ್ನು ಕಂಡವರು ಬಹಳ ಮಂದಿ.

ಮಹಾಮಸ್ತಕಾಭಿಷೇಕದ ಕಾಲದಲ್ಲಿ, 2002ರಲ್ಲಿಯೂ 2015ರಲ್ಲಿಯೂ, ಜನಸಾಗರವೇ ಕಾರ್ಕಳಕ್ಕೆ ಹರಿದು ಬಂದಿತು. ಆ ಭಕ್ತಿಯಲ್ಲಿ ಒಂದಂಶವಾದರೂ ಹಳ್ಳಿಯ ಬಸದಿಯತ್ತ ಹರಿಯಲಿ. ಜೀರ್ಣೋದ್ಧಾರವೆಂದರೆ ಹಳೆಯದನ್ನು ಕೆಡವಿ ಹೊಸದನ್ನು ಕಟ್ಟುವುದಲ್ಲ. ಶಾಸನದ ಕಲ್ಲಿಗೆ ಸುಣ್ಣವನ್ನೋ ಬಣ್ಣವನ್ನೋ ಬಳಿದರೆ ಅಕ್ಷರಗಳೊಡನೆ ದಾನಿಯ ಹೆಸರೂ ಅಳಿಯುತ್ತದೆ. ಮುರಕಲ್ಲಿನ ಗೋಡೆಗೆ ಸಿಮೆಂಟು ಮೆತ್ತಿದರೆ ಒಳಗಿನ ತೇವ ಒಳಗೇ ಉಳಿಯುತ್ತದೆ. ಕೆಲಸಕ್ಕೆ ಕೈಯಿಕ್ಕುವ ಮೊದಲು ಇದ್ದುದನ್ನು ಇದ್ದಂತೆ ಅಳೆದು, ಛಾಯಾಚಿತ್ರ ತೆಗೆದು, ಶಾಸನಗಳನ್ನು ಬಲ್ಲವರಿಂದ ಓದಿಸಿ ಬರೆದಿಡಬೇಕು. ಪರವೂರಿನಲ್ಲಿ ನೆಲಸಿದ ಪ್ರತಿಯೊಂದು ಕುಟುಂಬವೂ ತನ್ನ ಮೂಲದ ಊರಿನ ಬಸದಿಗೆ ವರ್ಷದಲ್ಲಿ ಒಂದು ತಿಂಗಳ ಪೂಜಾವೆಚ್ಚವನ್ನು ವಹಿಸಿಕೊಂಡರೆ ಹನ್ನೆರಡು ಮನೆಗಳಿಂದ ಒಂದು ಬಸದಿ ಉಳಿಯುತ್ತದೆ. ಇದು ಅರಸರಿಗೆ ಮಾತ್ರ ಸಾಧ್ಯವಾದ ದಾನವಲ್ಲ.

ವೀರಪಾಂಡ್ಯನ ಹೆಸರು ಶಿಲೆಯ ಮೇಲಿದೆ. ಆತನ ತರುವಾಯ ಸುಮಾರು ಆರುನೂರು ಮಳೆಗಾಲಗಳಲ್ಲಿ ಮಾಡಿನ ಹೆಂಚನ್ನು ಸರಿಪಡಿಸಿದವರ, ದೀಪಕ್ಕೆ ಎಣ್ಣೆಯೆರೆದವರ ಹೆಸರು ಎಲ್ಲಿಯೂ ಇಲ್ಲ. ಆದರೆ ಇಂದು ನಮಗೆ ಜಿನದರ್ಶನವು ಲಭಿಸುತ್ತಿರುವುದು ಅವರಿಂದಲೇ. ಇಂದು ಬಿಂಬಪ್ರತಿಷ್ಠೆಯ ಪುಣ್ಯಕ್ಕೆ ಭಾಗಿಗಳಾದ ನಾವೆಲ್ಲರೂ ನಾಳಿನ ಬೆಳಗಿನ ಪೂಜೆಗೂ ಭಾಗಿಗಳಾಗುವಂತಾಗಲಿ.